ಗಾಳ ಹಾಕುವ ಮೊದಲು ಒಂದು ಚೀಟಿ: ಅಮೆರಿಕದ ರಾಜ್ಯಗಳ ಮೀನು ಲೈಸೆನ್ಸ್ ಕುರಿತು

(ಸ್ಯಾನ್ ಫ್ರಾನ್ಸಿಸ್ಕೋ ಕೊಲ್ಲಿಯ ಸುತ್ತಮುತ್ತಲಿನ ಕನ್ನಡಿಗರು ಬೇಸಿಗೆ ರಜೆಗೆ ಮುಂಚೆ ಸೇರಿದ್ದಾಗ ಆಡಿದ ಮಾತು. ಅಂದು ಬರಲಾಗದವರು ಕೇಳಿದ್ದಕ್ಕೆ ಬರೆದುಕೊಟ್ಟಿದ್ದೇನೆ. ಸಭೆಯಲ್ಲಿ ಬಂದ ಪ್ರಶ್ನೆಗಳಲ್ಲಿ ಕೆಲವನ್ನು ಕೊನೆಗೆ ಸೇರಿಸಿದ್ದೇನೆ.)

ಎಲ್ಲರಿಗೂ ನಮಸ್ಕಾರ.

ನನ್ನದು ಕುಮಟಾದ ಹತ್ತಿರದ ಊರು. ಅಘನಾಶಿನಿ ಹೊಳೆ ಕಡಲು ಸೇರುವ ಅಳಿವೆಯ ದಂಡೆ. ಇಳಿತದ ಹೊತ್ತಿಗೆ ಹೆಂಗಸರು ಮೊಣಕಾಲುದ್ದ ನೀರಿಗಿಳಿದು ಬಳಚು ಆರಿಸುವುದನ್ನು ನೋಡುತ್ತಲೇ ಬೆಳೆದೆ. ಕಾಲ್ಬೆರಳಿಗೆ ಚಿಪ್ಪು ತಾಗಬೇಕು, ಬಗ್ಗಿ ಎತ್ತಿ ಬುಟ್ಟಿಗೆ ಹಾಕಬೇಕು, ಅಷ್ಟೇ. ಶಾಲೆ ಬಿಟ್ಟ ಮೇಲೆ ನಾವು ಹುಡುಗರು ಎರೆಹುಳು ಸಿಕ್ಕಿಸಿ ಗಾಳ ಹಾಕಿ ಕೂರುತ್ತಿದ್ದೆವು. ಚೀಟಿ ಎಲ್ಲಿದೆ ಎಂದು ನಮ್ಮನ್ನು ಯಾರೂ ಕೇಳಿದ್ದಿಲ್ಲ. ಇಲ್ಲಿ ಕೂತಿರುವ ಮಲೆನಾಡಿನವರಿಗೂ ಇದು ಗೊತ್ತು. ಮೊದಲ ಮಳೆಗೆ ಹತ್ತುಮೀನು ಗದ್ದೆಗೆ ಏರಿದರೆ ಕೂಣಿ ಹಿಡಿದು ಓಡುವವರು ಯಾವ ಆಫೀಸಿಗೂ ಹೋಗಿ ಬರುವುದಿಲ್ಲ. ಆ ಅಭ್ಯಾಸವನ್ನು ಹಾಗೇ ಹೊತ್ತುಕೊಂಡು ನಾವು ಈ ದೇಶಕ್ಕೆ ಬರುತ್ತೇವೆ, ಇಲ್ಲಿನ ನೀರು ಕಂಡ ಕೂಡಲೇ ಕೈ ಕಡಿಯುತ್ತದೆ.

2011ರಲ್ಲಿ ಅಪ್ಪ, ಅಮ್ಮ ಮೊದಲ ಸಲ ಇಲ್ಲಿಗೆ ಬಂದರು. ಎರಡು ವಾರ ಕಳೆಯುವಷ್ಟರಲ್ಲಿ ಮನೆಯೊಳಗೆ ಕೂತು ಕೂತು ಅಪ್ಪನಿಗೆ ಬೇಸರ ಬಂತು. ಸಾರ್ವಜನಿಕ ಪಿಯರ್, ಅಂದರೆ ದಡದಿಂದ ನೀರಿನೊಳಕ್ಕೆ ಚಾಚಿದ ಕಟ್ಟೆಯ ಮೇಲಿಂದ ಗಾಳ ಹಾಕಲು ಲೈಸೆನ್ಸ್ ಬೇಡ ಎಂದು ಆಫೀಸಿನಲ್ಲಿ ಒಬ್ಬರು ಹೇಳಿದ್ದರು. ಆ ಮಾತು ನಿಜವೇ. ಅಷ್ಟನ್ನೇ ನಂಬಿ ಏಡಿ ಬಲೆಯೊಂದನ್ನೂ ಎರೆಗೆ ಕೋಳಿಕಾಲನ್ನೂ ತೆಗೆದುಕೊಂಡು ಕೊಲ್ಲಿಯ ಒಂದು ಪಿಯರ್‌ಗೆ ಅಪ್ಪನನ್ನು ಕರೆದೊಯ್ದೆ. ಒಂದು ತಾಸಿನಲ್ಲಿ ಬಕೆಟ್ಟಿನಲ್ಲಿ ನಾಲ್ಕು ಏಡಿ. ಅಪ್ಪನ ಮುಖದಲ್ಲಿ ಊರಿನ ಕಳೆ ಬಂದಿತ್ತು.

ಆಗ ಮೀನು, ಬೇಟೆಯ ಕಾನೂನು ಕಾಯುವ ವಾರ್ಡನ್ ಬಂದರು. ಬಕೆಟ್ಟಿಗೆ ಬಗ್ಗಿ ಏಡಿಗಳನ್ನು ಒಂದೊಂದಾಗಿ ಹಿಂದಿನಿಂದ ಹಿಡಿದೆತ್ತಿ ನನಗೆ ತೋರಿಸಿದರು. ಎರಡರ ಮುಂಗಾಲಿನ ಇಕ್ಕಳದ ತುದಿ ಕಪ್ಪಗಿತ್ತು. ಅವು ಬಂಡೆ ಏಡಿ, ಇಟ್ಟುಕೊಳ್ಳಬಹುದು. ಇನ್ನೆರಡರ ತುದಿ ಬಿಳಿ. ಅವು ಡಂಜನೆಸ್ ಏಡಿ. ಸ್ಯಾನ್ ಫ್ರಾನ್ಸಿಸ್ಕೋ ಕೊಲ್ಲಿಯಲ್ಲೂ ಅದರ ಉತ್ತರದ ಸ್ಯಾನ್ ಪಾಬ್ಲೋ ಕೊಲ್ಲಿಯಲ್ಲೂ ಡಂಜನೆಸ್ ಹಿಡಿಯುವ ಹಾಗೇ ಇಲ್ಲ. ಕಡಲಿನ ಡಂಜನೆಸ್ ಮರಿಗಳು ಒಳಬಂದು ಬೆಳೆಯುವ ತೊಟ್ಟಿಲು ಈ ಕೊಲ್ಲಿ. ಇಲ್ಲಿಂದ ಅರ್ಧ ತಾಸು ಕಾರು ಓಡಿಸಿ ಹೊರಗಡಲಿನ ಪೆಸಿಫಿಕಾ ಪಿಯರ್‌ಗೆ ಹೋದರೆ, ಸೀಸನ್ನಿನಲ್ಲಿ ಅದೇ ಏಡಿಯನ್ನು ದಿನಕ್ಕೆ 10ರವರೆಗೆ ಹಿಡಿಯಬಹುದು. ಆದರೆ ಚಿಪ್ಪಿನ ಅಗಲ ಐದೂಮುಕ್ಕಾಲು ಇಂಚು ಇರಬೇಕು. ಆ ಅಳತೆಯನ್ನೂ ಚಿಪ್ಪಿನ ಎರಡು ಬದಿಯ ಚೂಪು ಮುಳ್ಳು ಬಿಟ್ಟು, ಅದರ ಸ್ವಲ್ಪ ಮುಂದೆ ತೆಗೆಯಬೇಕು. ಮುಳ್ಳು ಸೇರಿಸಿ ಅಳೆದು, ಸಾಕಷ್ಟು ದೊಡ್ಡದಿದೆ ಎಂದುಕೊಂಡು ಸಿಕ್ಕಿಬಿದ್ದವರು ಬಹಳ ಮಂದಿ.

ವಾರ್ಡನ್ ಎರಡು ಏಡಿಗಳನ್ನು ನೀರಿಗೆ ಬಿಟ್ಟರು, ನನ್ನ ಕೈಗೆ ದಂಡದ ಚೀಟಿ ಕೊಟ್ಟರು. ಲೈಸೆನ್ಸ್ ಇಲ್ಲದ್ದಕ್ಕಲ್ಲ, ಹಿಡಿಯಬಾರದ್ದನ್ನು ಹಿಡಿದದ್ದಕ್ಕೆ. ಪಿಯರ್ ಮೇಲೆ ವಿನಾಯಿತಿ ಇರುವುದು ಲೈಸೆನ್ಸಿಗೆ ಮಾತ್ರ. ಜಾತಿ, ಅಳತೆ, ಸಂಖ್ಯೆ, ಕಾಲ, ಇವು ಯಾವುದಕ್ಕೂ ವಿನಾಯಿತಿ ಇಲ್ಲ. ಒಬ್ಬರು ಎರಡಕ್ಕಿಂತ ಹೆಚ್ಚು ರಾಡ್ ಅಥವಾ ಬಲೆ ಇಡುವಂತಿಲ್ಲ ಎಂಬ ನಿಯಮವೂ ಪಿಯರ್ ಮೇಲಿದೆ.

ಕಾರಿನಲ್ಲಿ ವಾಪಸು ಬರುವಾಗ ಅಪ್ಪ ಕೇಳಿದರು, "ತಮ್ಮಾ, ಕಡಲು ಯಾರ ಅಪ್ಪಂದು? ನೀರಿಗೂ ಚೀಟಿ ಬೇಕನಾ?" ಆ ದಿನ ನನ್ನ ಬಳಿ ಉತ್ತರ ಇರಲಿಲ್ಲ. ಆಮೇಲೆ ವರ್ಷಗಟ್ಟಲೆ ಓದಿ, ಕೇಳಿ ತಿಳಿದುಕೊಂಡೆ. ಇವತ್ತಿನ ನನ್ನ ಮಾತೆಲ್ಲ ಅಪ್ಪನ ಆ ಪ್ರಶ್ನೆಗೆ ಉತ್ತರ ಅಂತಲೇ ತಿಳಿಯಿರಿ.

ಕಡಲು ಜನರದ್ದೇ. ನಾನು ಭಾವುಕನಾಗಿ ಹೇಳುತ್ತಿಲ್ಲ, ಕ್ಯಾಲಿಫೋರ್ನಿಯಾದ ಸಂವಿಧಾನದಲ್ಲೇ ಬರೆದಿದೆ. 1910ರಲ್ಲಿ ಸೇರಿಸಿದ ಕಲಮು, ಈಗ ಮೊದಲ ಪರಿಚ್ಛೇದದ 25ನೇ ಸೆಕ್ಷನ್. ರಾಜ್ಯದ ಸಾರ್ವಜನಿಕ ಜಮೀನಿನಿಂದಲೂ ರಾಜ್ಯದ ನೀರಿನಲ್ಲೂ ಮೀನು ಹಿಡಿಯುವ ಹಕ್ಕು ಜನರಿಗೆ ಇದೆ ಎಂದು ಅದು ಹೇಳುತ್ತದೆ. ಅದೇ ಕಲಮಿನ ಕೊನೆಯಲ್ಲಿ, ಯಾವ ಮೀನನ್ನು ಯಾವ ಕಾಲದಲ್ಲಿ, ಯಾವ ಷರತ್ತಿನ ಮೇಲೆ ಹಿಡಿಯಬಹುದು ಎಂದು ಶಾಸನಸಭೆ ಗೊತ್ತು ಮಾಡಬಹುದು ಎಂದೂ ಇದೆ. ಹಕ್ಕನ್ನೂ ಷರತ್ತನ್ನೂ ಒಟ್ಟಿಗೇ ಬರೆದಿಟ್ಟಿದ್ದಾರೆ. ಲೈಸೆನ್ಸ್ ಬರುವುದು ಆ ಎರಡನೆಯ ಭಾಗದಿಂದ.

ಜನರು ಅಂದರೆ ಯಾರು ಎಂಬ ಪ್ರಶ್ನೆಗೆ ಇನ್ನೊಂದು ಮಗ್ಗುಲೂ ಇದೆ. ಈ ರಾಜ್ಯಗಳು ಹುಟ್ಟುವ ಮೊದಲೇ ಈ ನೀರಿನಲ್ಲಿ ಮೀನು ಹಿಡಿದು ಬದುಕಿದ ಮೂಲನಿವಾಸಿಗಳಿದ್ದಾರೆ. ವಾಷಿಂಗ್ಟನ್ ರಾಜ್ಯದಲ್ಲಿ 1974ರಲ್ಲಿ ನ್ಯಾಯಾಧೀಶ ಜಾರ್ಜ್ ಬೋಲ್ಟ್ ಕೊಟ್ಟ ತೀರ್ಪಿನ ಪ್ರಕಾರ, ಒಪ್ಪಂದ ಮಾಡಿಕೊಂಡ ಬುಡಕಟ್ಟುಗಳಿಗೆ ಹಿಡಿಯಬಹುದಾದ ಸಾಲ್ಮನ್‌ನಲ್ಲಿ ಅರ್ಧ ಪಾಲು. ಅವರು ನದಿಯಲ್ಲಿ ಬಲೆ ಹಾಕಿದ್ದನ್ನು ನೋಡಿ, ಅವರಿಗೊಂದು ನಮಗೊಂದು ಕಾನೂನೇ ಎಂದು ಗೊಣಗುವವರನ್ನು ಕಂಡಿದ್ದೇನೆ. ದಯವಿಟ್ಟು ಹಾಗೆ ಅನ್ನಬೇಡಿ. ಅದು ಅವರು ಬಿಟ್ಟುಕೊಡದೆ ಉಳಿಸಿಕೊಂಡ ಹಕ್ಕು.

ಇನ್ನು ಲೈಸೆನ್ಸ್ ಯಾರಿಗೆ ಬೇಕು ಎಂಬ ವಿಷಯ. ಅಮೆರಿಕಕ್ಕೆಲ್ಲ ಒಂದೇ ಮೀನು ಲೈಸೆನ್ಸ್ ಎಂಬುದು ಇಲ್ಲ. ರಾಜ್ಯ ಬದಲಾದರೆ ಚೀಟಿ ಬದಲಾಗುತ್ತದೆ. ಕ್ಯಾಲಿಫೋರ್ನಿಯಾ, ನ್ಯೂಯಾರ್ಕ್, ನ್ಯೂಜೆರ್ಸಿ, ಫ್ಲಾರಿಡಾದಲ್ಲಿ 16 ವರ್ಷ ತುಂಬಿದವರಿಗೆ ಬೇಕು. ಟೆಕ್ಸಸ್‌ನಲ್ಲಿ 17, ವಾಷಿಂಗ್ಟನ್ನಿನಲ್ಲಿ 15. ಟೆಕ್ಸಸ್ 1931ರ ಜನವರಿ 1ಕ್ಕಿಂತ ಮುಂಚೆ ಹುಟ್ಟಿದವರಿಗೆ ಪೂರ್ತಿ ವಿನಾಯಿತಿ ಕೊಟ್ಟಿದೆ. ಫ್ಲಾರಿಡಾದಲ್ಲಿ ನನಗೆ ಬಹಳ ಇಷ್ಟವಾದ ಒಂದು ವಿನಾಯಿತಿ ಇದೆ. ನೀವು ವಾಸವಿರುವ ಕೌಂಟಿಯೊಳಗಿನ ಸಿಹಿನೀರಿನಲ್ಲಿ, ದಾರ ಸುತ್ತುವ ರೀಲ್ ಇಲ್ಲದ ಬರೀ ಕೋಲಿನಿಂದ, ಹುಳುವಿನಂಥ ಸಹಜ ಎರೆ ಹಾಕಿ ಮೀನು ಹಿಡಿಯುವುದಾದರೆ ಅಲ್ಲಿನ ನಿವಾಸಿಗಳಿಗೆ ಲೈಸೆನ್ಸ್ ಬೇಡ. ನಮ್ಮೂರಿನ ಬಿದಿರು ಕೋಲಿನ ಗಾಳ ಇದ್ದ ಹಾಗೇ!

"ಹಿಡಿಯುವುದು" ಎಂಬ ಮಾತಿನ ಮೇಲೆ ಸ್ವಲ್ಪ ನಿಲ್ಲುತ್ತೇನೆ. ಹೆಚ್ಚಿನ ತಪ್ಪು ತಿಳಿವಳಿಕೆ ಇರುವುದು ಇಲ್ಲೇ. ಮೀನು ಸಿಕ್ಕರಲ್ಲವೇ ಲೈಸೆನ್ಸ್ ಮಾತು, ಖಾಲಿ ಬಕೆಟ್ಟಿಗೆ ಏನು ದಂಡ ಎಂದು ಕೇಳುತ್ತಾರೆ. ಕ್ಯಾಲಿಫೋರ್ನಿಯಾದ ಮೀನು ಮತ್ತು ಬೇಟೆ ಸಂಹಿತೆಯಲ್ಲಿ ಆ ಪದದ ಅರ್ಥವನ್ನೇ ವಿವರಿಸಿದ್ದಾರೆ: ಬೆನ್ನಟ್ಟುವುದು, ಹಿಡಿಯುವುದು, ಸೆರೆಹಿಡಿಯುವುದು, ಕೊಲ್ಲುವುದು, ಇವುಗಳಲ್ಲಿ ಯಾವುದಕ್ಕೆ ಪ್ರಯತ್ನ ಮಾಡಿದರೂ ಅದು ಹಿಡಿದ ಹಾಗೇ. ಎರೆ ಸಿಕ್ಕಿಸಿದ ಗಾಳ ನೀರಿಗೆ ಬಿದ್ದ ಕ್ಷಣಕ್ಕೆ ನೀವು ಲೆಕ್ಕಕ್ಕೆ ಸೇರಿದಿರಿ. ಹಿಡಿದು ವಾಪಸು ಬಿಡುತ್ತೇನೆ ಅನ್ನುವವರಿಗೂ ಇದೇ ಮಾತು. ಮೀನಿಗಷ್ಟೇ ಅಲ್ಲ, ಏಡಿಗೂ ಚಿಪ್ಪಿಗೂ ಇದೇ ಲೈಸೆನ್ಸ್. ವಾಷಿಂಗ್ಟನ್ನಿನಲ್ಲಿ ಕಡಲಪಾಚಿ ಆರಿಸಲೂ ಲೈಸೆನ್ಸ್ ಬೇಕು.

ಚಿಪ್ಪಿನ ಮಾತು ಬಂದದ್ದಕ್ಕೆ ನನ್ನ ಕರಾವಳಿಯ ಅಕ್ಕ ತಂಗಿಯರಿಗೆ ಒಂದು ಎಚ್ಚರಿಕೆ. ಕ್ಯಾಲಿಫೋರ್ನಿಯಾದಲ್ಲಿ ಪ್ರತಿ ವರ್ಷ ಮೇ 1ರಿಂದ ಅಕ್ಟೋಬರ್ 31ರವರೆಗೆ ಕಡಲ ಬಂಡೆಯ ಮಸೆಲ್ ಚಿಪ್ಪನ್ನು ತಿನ್ನಲಿಕ್ಕೆ ಕೀಳಬಾರದೆಂದು ಆರೋಗ್ಯ ಇಲಾಖೆ ನಿರ್ಬಂಧ ಹಾಕುತ್ತದೆ. ಆ ತಿಂಗಳುಗಳಲ್ಲಿ ಕಡಲಿನ ಸೂಕ್ಷ್ಮ ಪಾಚಿಯ ವಿಷ ಚಿಪ್ಪಿನೊಳಗೆ ಸೇರಿಕೊಂಡಿರಬಹುದು. ಬೇಯಿಸಿದರೂ ಹೋಗುವುದಿಲ್ಲ, ಜೀವಕ್ಕೇ ಅಪಾಯ. ಲೈಸೆನ್ಸ್ ಜೇಬಿನಲ್ಲಿದೆಯೆಂದು ಈ ವಿಷ ನಮ್ಮನ್ನು ಬಿಡುವುದಿಲ್ಲ.

ನಿವಾಸಿ, ಅನಿವಾಸಿ ಎಂಬ ಭೇದಕ್ಕೆ ಬರೋಣ. ನಾನು ವೀಸಾ ಮೇಲಿದ್ದೇನೆ, ಆದ್ದರಿಂದ ದುಬಾರಿ ಲೈಸೆನ್ಸನ್ನೇ ಕೊಳ್ಳಬೇಕು ಎಂದು ನಮ್ಮವರು ಅನೇಕರು ತಿಳಿದಿದ್ದಾರೆ. ಹಾಗೇನಿಲ್ಲ. ಇಲ್ಲಿ ನಿವಾಸಿ ಎಂದರೆ ಈ ರಾಜ್ಯದಲ್ಲಿ ವಾಸ ಇರುವವರು, ಪೌರತ್ವದ ಮಾತೇ ಬರುವುದಿಲ್ಲ. ಕ್ಯಾಲಿಫೋರ್ನಿಯಾದಲ್ಲಿ ಅರ್ಜಿ ಹಾಕುವ ಮುಂಚಿನ 6 ತಿಂಗಳು ಸತತವಾಗಿ ಇಲ್ಲೇ ಇದ್ದರೆ ಸಾಕು, ನೀವು ನಿವಾಸಿ. ಟೆಕ್ಸಸ್‌ನಲ್ಲೂ 6 ತಿಂಗಳು. ನ್ಯೂಯಾರ್ಕಿನಲ್ಲಿ ಮನೆ ಮಾಡಿ 30 ದಿನ ಆಗಿರಬೇಕು. ಅದೇ ರೀತಿ, 20 ವರ್ಷದಿಂದ ಅಮೆರಿಕದ ಪೌರರಾಗಿರುವ ನೆವಾಡದವರು ಇಲ್ಲಿಗೆ ಬಂದರೆ ಅನಿವಾಸಿ. ಹೊರಗಿನವರಿಂದ ಹೆಚ್ಚು ಶುಲ್ಕ ತೆಗೆದುಕೊಳ್ಳುವುದು ನ್ಯಾಯವೇ ಎಂದು ಮೊಂಟಾನ ರಾಜ್ಯದ ಎಲ್ಕ್ ಎಂಬ ದೊಡ್ಡ ಜಿಂಕೆಯ ಬೇಟೆಯ ವಿಚಾರದಲ್ಲಿ ಕೆಲವರು ಸುಪ್ರೀಂ ಕೋರ್ಟಿನವರೆಗೆ ಹೋದರು. 1978ರಲ್ಲಿ ಕೋರ್ಟು ರಾಜ್ಯದ ಪರವಾಗಿ ತೀರ್ಪು ಕೊಟ್ಟಿತು.

ಅರ್ಜಿಯಲ್ಲಿ ಸೋಷಿಯಲ್ ಸೆಕ್ಯುರಿಟಿ ನಂಬರ್ ಕೇಳಿದರೆ ಗಾಬರಿಪಡಬೇಡಿ. ಮೀನಿಗೂ ಆ ನಂಬರಿಗೂ ಏನು ಸಂಬಂಧ ಎಂದು ನಾನೂ ಅನುಮಾನಪಟ್ಟಿದ್ದೆ. ಅದರ ಬೇರು ಇರುವುದು 1996ರ ಒಕ್ಕೂಟ ಕಾನೂನಿನಲ್ಲಿ. ಕೋರ್ಟ್ ಗೊತ್ತು ಮಾಡಿದ ಮಕ್ಕಳ ಪಾಲನೆಯ ಹಣ ಕಟ್ಟದೆ ತಪ್ಪಿಸಿಕೊಳ್ಳುವ ತಂದೆತಾಯಿಯನ್ನು ಪತ್ತೆ ಮಾಡಲು, ಡ್ರೈವಿಂಗ್ ಲೈಸೆನ್ಸಿನಿಂದ ಹಿಡಿದು ಮೀನಿನ ಲೈಸೆನ್ಸಿನವರೆಗೆ ಅರ್ಜಿಗಳಲ್ಲಿ ಆ ನಂಬರ್ ದಾಖಲಾಗಬೇಕೆಂದು ಅದು ರಾಜ್ಯಗಳಿಗೆ ಹೇಳಿತು. ಬಾಕಿ ಉಳಿಸಿಕೊಂಡವರ ಮೀನು ಲೈಸೆನ್ಸನ್ನು ತಡೆಹಿಡಿಯಲೂ ದಾರಿ ಇದೆ.

ಇನ್ನು ದುಡ್ಡು. ಕ್ಯಾಲಿಫೋರ್ನಿಯಾದಲ್ಲಿ ನಿವಾಸಿಗೆ ಈಗ ವರ್ಷಕ್ಕೆ ಸುಮಾರು 60 ಡಾಲರ್. ಮುಂಚೆ ಯಾವಾಗ ಕೊಂಡರೂ ಡಿಸೆಂಬರ್ 31ಕ್ಕೆ ಮುಗಿದುಹೋಗುತ್ತಿತ್ತು. ಅಕ್ಟೋಬರಿನಲ್ಲಿ ಕೊಂಡವರಿಗೆ ಸಿಗುತ್ತಿದ್ದದ್ದು ಮೂರೇ ತಿಂಗಳು. 2023ರಿಂದ ಕೊಂಡ ದಿನದಿಂದ 365 ದಿನ ಎಂದಾಯಿತು. ಟೆಕ್ಸಸ್‌ನ ಸಾಮಾನ್ಯ ವಾರ್ಷಿಕ ಲೈಸೆನ್ಸ್ ಈಗಲೂ ಆಗಸ್ಟ್ 31ಕ್ಕೇ ಮುಗಿಯುತ್ತದೆ. ಡಲ್ಲಾಸ್, ಹ್ಯೂಸ್ಟನ್ ಕಡೆಯ ನೆಂಟರಿಗೆ ಇದನ್ನು ತಿಳಿಸಿ, ಆಗಸ್ಟಿನಲ್ಲಿ ಕೊಂಡು ನಷ್ಟ ಮಾಡಿಕೊಳ್ಳದಿರಲಿ.

ಈ ದುಡ್ಡು ಎಲ್ಲಿಗೆ ಹೋಗುತ್ತದೆ? ಅಪ್ಪನ ಪ್ರಶ್ನೆಗೆ ನಿಜವಾದ ಉತ್ತರ ಸಿಕ್ಕಿದ್ದು ಇಲ್ಲಿ, ಅದಕ್ಕೇ ನಿಧಾನವಾಗಿ ಹೇಳುತ್ತೇನೆ. 1950ರಲ್ಲಿ ಡಿಂಗಲ್-ಜಾನ್ಸನ್ ಕಾಯ್ದೆ ಬಂತು. ನೀವು ಅಂಗಡಿಯಲ್ಲಿ ಕೊಳ್ಳುವ ರಾಡು, ರೀಲು, ಗಾಳದ ಮೇಲೆ ತಯಾರಕರು ಆಗಲೇ ಒಕ್ಕೂಟ ಸರ್ಕಾರಕ್ಕೆ ತೆರಿಗೆ ಕಟ್ಟಿರುತ್ತಾರೆ, ಬಹುತೇಕ ಸಾಮಾನಿಗೆ ನೂರಕ್ಕೆ 10ರ ಲೆಕ್ಕ. 1984ರ ತಿದ್ದುಪಡಿಯಿಂದ ಮೋಟಾರು ದೋಣಿಯ ಇಂಧನದ ತೆರಿಗೆಯೂ ದೊಡ್ಡದಾಗಿ ಇದಕ್ಕೆ ಸೇರಿತು. ಈ ಹಣವನ್ನು ರಾಜ್ಯಗಳಿಗೆ ಹಂಚುವ ಸೂತ್ರ ಹೀಗಿದೆ: ಶೇಕಡಾ 40 ಭಾಗ ರಾಜ್ಯದ ನೆಲ ಮತ್ತು ನೀರಿನ ವಿಸ್ತಾರ ನೋಡಿ, ಶೇಕಡಾ 60 ಭಾಗ ಆ ರಾಜ್ಯದಲ್ಲಿ ದುಡ್ಡು ಕೊಟ್ಟು ಲೈಸೆನ್ಸ್ ಪಡೆದವರ ತಲೆ ಎಣಿಸಿ. ಮೀನಿನ ಕೆಲಸಕ್ಕೆ ಆಗುವ ಖರ್ಚಿನಲ್ಲಿ ಮುಕ್ಕಾಲು ಪಾಲಿನವರೆಗೆ ಇದರಿಂದ ತುಂಬಿಕೊಳ್ಳಬಹುದು, ಉಳಿದ ಕಾಲು ಪಾಲನ್ನು ರಾಜ್ಯ ಹಾಕಬೇಕು. ಹಣ ಪಡೆಯಬೇಕಾದರೆ ಇನ್ನೊಂದು ಗಟ್ಟಿ ಷರತ್ತು ಇದೆ. ಲೈಸೆನ್ಸಿನಿಂದ ಬಂದ ದುಡ್ಡನ್ನು ಮೀನು ಮತ್ತು ವನ್ಯಜೀವಿ ಇಲಾಖೆಯ ಕೆಲಸಕ್ಕಲ್ಲದೆ ರಸ್ತೆಗೋ ಇನ್ಯಾವುದಕ್ಕೋ ತಿರುಗಿಸುವುದಿಲ್ಲ ಎಂದು ರಾಜ್ಯ ಕಾನೂನು ಮಾಡಿರಬೇಕು.

ನಾವು ಲೈಸೆನ್ಸ್ ಇಲ್ಲದೆ ಒಂದು ದಿನ ಗಾಳ ಹಾಕಿ ಬಂದರೆ ರಾಜ್ಯಕ್ಕೆ ನಮ್ಮ ಶುಲ್ಕವೂ ಹೋಯಿತು, ನಮ್ಮ ತಲೆಯ ಲೆಕ್ಕದಲ್ಲಿ ಬರಬೇಕಾಗಿದ್ದ ಒಕ್ಕೂಟದ ಪಾಲೂ ಹೋಯಿತು. ನಾನು ಇದನ್ನು ಜನಗಣತಿಯ ಹಾಗೆ ನೋಡುತ್ತೇನೆ. ಊರಿನಲ್ಲಿ ಎಷ್ಟು ಮಂದಿ ಇದ್ದಾರೆಂದು ಗೊತ್ತಾಗದೆ ಊರಿಗೆ ಶಾಲೆ, ಆಸ್ಪತ್ರೆ ಬರುವುದಿಲ್ಲ. ಈ ನೀರಿಗೆ ಎಷ್ಟು ಮಂದಿ ಇಳಿಯುತ್ತಾರೆಂದು ಗೊತ್ತಾಗದೆ ಮರಿ ಬಿಡುವ ಕೆಲಸಕ್ಕೂ ಹೊಳೆ ಕಾಯುವ ಕೆಲಸಕ್ಕೂ ಹಣ ಬರುವುದಿಲ್ಲ. ನ್ಯೂಯಾರ್ಕ್, ನ್ಯೂಜೆರ್ಸಿಯಲ್ಲಿ ಇದು ಇನ್ನೂ ಸ್ಪಷ್ಟ. ಅಲ್ಲಿ ಸಿಹಿನೀರಿಗೆ ದುಡ್ಡು ಕೊಟ್ಟು ಲೈಸೆನ್ಸ್ ತೆಗೆಯಬೇಕು, ಉಪ್ಪುನೀರಿಗೆ ಶುಲ್ಕವೇ ಇಲ್ಲ. ಆದರೂ ಹೆಸರು ನೋಂದಾಯಿಸಲೇಬೇಕು. ಕಡಲಿನಲ್ಲಿ ಹವ್ಯಾಸಕ್ಕೆ ಮೀನು ಹಿಡಿಯುವವರ ಪಟ್ಟಿ ಇರಬೇಕೆಂದು ಒಕ್ಕೂಟ ಕಾನೂನು ಹೇಳಿದ ಮೇಲೆ ಬಂದ ವ್ಯವಸ್ಥೆ ಅದು. ನ್ಯೂಜೆರ್ಸಿಯ ಎಡಿಸನ್ನಿನಲ್ಲಿರುವ ನನ್ನ ಸೋದರಮಾವನ ಮಗ, ಪುಕ್ಕಟೆ ಅಂದಮೇಲೆ ಯಾಕೆ ಬರೆಸಬೇಕು ಎಂದು ಕೇಳುತ್ತಿದ್ದ. ದುಡ್ಡು ಬೇಡದೆಯೂ ಹೆಸರು ಬೇಕು ಅನ್ನುತ್ತಿದ್ದಾರೆಂದರೆ ಅವರಿಗೆ ಬೇಕಾದದ್ದು ಎಣಿಕೆ ಎಂದು ಹೇಳಿದೆ. ಆ ದಿನವೇ ಬರೆಸಿದ.

ಇದೇ ಎಣಿಕೆಯ ಇನ್ನೊಂದು ರೂಪ ರಿಪೋರ್ಟ್ ಕಾರ್ಡು. ಕ್ಯಾಲಿಫೋರ್ನಿಯಾದಲ್ಲಿ ಸ್ಟೀಲ್‌ಹೆಡ್‌ನಂಥ (ಕಡಲಿಗೆ ಹೋಗಿ ಹೊಳೆಗೆ ಮರಳುವ ಟ್ರೌಟ್) ಕೆಲವು ಮೀನಿಗೆ ಲೈಸೆನ್ಸಿನ ಜೊತೆ ಬೇರೆ ಕಾರ್ಡು ಕೊಳ್ಳಬೇಕು. ಎಲ್ಲಿ, ಯಾವತ್ತು, ಎಷ್ಟು ಸಿಕ್ಕಿತು, ಎಷ್ಟು ಬಿಟ್ಟಿರಿ ಎಂದು ಅಲ್ಲೇ ಹೊಳೆದಂಡೆಯಲ್ಲೇ ಬರೆಯಬೇಕು. ವರ್ಷ ಮುಗಿದ ಮೇಲೆ ಜನವರಿ 31ರೊಳಗೆ ಇಲಾಖೆಗೆ ತಿಳಿಸಬೇಕು. ಒಂದೂ ಮೀನು ಸಿಗದಿದ್ದರೂ, ಅಷ್ಟೇಕೆ, ಹೊಳೆಗೇ ಹೋಗದಿದ್ದರೂ ತಿಳಿಸಬೇಕು. ಸೊನ್ನೆ ಸಿಕ್ಕವರು ಎಷ್ಟು ಎಂದು ತಿಳಿಯದೆ ಹೊಳೆಯಲ್ಲಿ ಮೀನು ಎಷ್ಟಿದೆ ಎಂದು ಅಂದಾಜು ಮಾಡುವುದು ಹೇಗೆ?

ಸ್ಟೀಲ್‌ಹೆಡ್ ಹಿಡಿದಾಗ ಬೆನ್ನು ನೋಡಬೇಕು. ದೊಡ್ಡ ಬೆನ್ನುರೆಕ್ಕೆಗೂ ಬಾಲಕ್ಕೂ ನಡುವೆ ಕಿರುಬೆರಳ ತುದಿಯಷ್ಟು ಮೆತ್ತನೆಯ ಮಾಂಸದ ರೆಕ್ಕೆ ಇರುತ್ತದೆ. ಮರಿ ಕೇಂದ್ರದಲ್ಲಿ ಬೆಳೆಸಿ ಬಿಟ್ಟ ಮೀನಿಗೆ ಆ ಪುಟ್ಟ ರೆಕ್ಕೆಯನ್ನು ಕತ್ತರಿಸಿರುತ್ತಾರೆ, ಆ ಜಾಗದಲ್ಲಿ ಮಾಗಿದ ಗಾಯದ ಗುರುತು ಮಾತ್ರ. ಊರಲ್ಲಿ ಕರುವಿನ ಕಿವಿಗೆ ಗುರುತು ಹಾಕುವಂತೆ. ಗುರುತಿದ್ದರೆ, ಆ ಹೊಳೆಯಲ್ಲಿ ಅನುಮತಿ ಇದ್ದರೆ, ಇಟ್ಟುಕೊಳ್ಳಬಹುದು. ರೆಕ್ಕೆ ಇದ್ದರೆ ಅದು ಹೊಳೆಯಲ್ಲೇ ಹುಟ್ಟಿದ ಮೀನು. ನೀರಿನಿಂದ ಮೇಲೆತ್ತದೆ ಗಾಳ ಬಿಡಿಸಿ ಬಿಟ್ಟುಬಿಡಿ. ನಾನು ಮೊದಲ ಸಲ ಆ ರೆಕ್ಕೆಯನ್ನು ಬೆರಳಿನಿಂದ ಮುಟ್ಟಿ ನೋಡಿದ ದಿನ ನನಗಿನ್ನೂ ನೆನಪಿದೆ.

ಲೈಸೆನ್ಸ್ ಮೇಲೆ ಇನ್ನೇನೇನು ಬೇಕಾಗಬಹುದು ಎಂದರೆ: ದಕ್ಷಿಣದಲ್ಲಿ, ಸಾಂತಾ ಬಾರ್ಬರಾ ಕೌಂಟಿಯ ಪಾಯಿಂಟ್ ಆರ್ಗೆಲ್ಲೊ ದಾಟಿ ಕೆಳಗಿನ ಕಡಲಲ್ಲಿ ಹಿಡಿಯುವವರಿಗೆ ಇನ್ನೊಂದು ಸಣ್ಣ ಶುಲ್ಕದ ಮುದ್ರೆ. ಒಂದು ದಿನದ, ಎರಡು ದಿನದ ಲೈಸೆನ್ಸಿಗೆ ಅದು ಬೇಡ. ಕೆರೆ ಹೊಳೆಯಲ್ಲಿ ಎರಡನೆಯ ರಾಡು ಇಡುವುದಾದರೆ ಅದಕ್ಕೂ ಒಂದು ಮುದ್ರೆ. ನ್ಯೂಜೆರ್ಸಿಯಲ್ಲಿ ಟ್ರೌಟ್ ಮೀನಿಗೆ ಬೇರೆ ಸ್ಟಾಂಪು. ಇವೆಲ್ಲ ಕೊಳ್ಳುವಾಗಲೇ ಕೇಳುತ್ತಾರೆ, ಅವಸರದಲ್ಲಿ ಬೇಡ ಎಂದು ಒತ್ತಬೇಡಿ.

ಗಡಿ ದಾಟುವವರಿಗೆ: ಲೇಕ್ ಟಾಹೋದ ಸುಮಾರು ಮೂರರಲ್ಲಿ ಎರಡು ಪಾಲು ಇಲ್ಲಿಯದು, ಉಳಿದದ್ದು ನೆವಾಡದ್ದು. ಅಲ್ಲಿ ಎರಡು ರಾಜ್ಯಗಳಲ್ಲಿ ಯಾವುದರ ಲೈಸೆನ್ಸ್ ಇದ್ದರೂ ನಡೆಯುತ್ತದೆ. ಹೀಗೆ ಒಪ್ಪಂದ ಇರುವ ನೀರು ಕಡಿಮೆ. ಯೊಸೆಮಿಟಿ ರಾಷ್ಟ್ರೀಯ ಉದ್ಯಾನದೊಳಗೆ ಕ್ಯಾಲಿಫೋರ್ನಿಯಾದ ಲೈಸೆನ್ಸೇ ಬೇಕು. ಯೆಲ್ಲೊಸ್ಟೋನಿನಲ್ಲಿ ಯಾವ ರಾಜ್ಯದ ಲೈಸೆನ್ಸೂ ನಡೆಯುವುದಿಲ್ಲ, ಉದ್ಯಾನದವರದ್ದೇ ಪರ್ಮಿಟ್ ತೆಗೆಯಬೇಕು. ಅಲ್ಲಿನ ಇನ್ನೊಂದು ನಿಯಮ ಕೇಳಿದರೆ ಮೊದಲಿಗೆ ಮನಸ್ಸಿಗೆ ಕಸಿವಿಸಿ ಆಗುತ್ತದೆ. ಸ್ಥಳೀಯ ಕಟ್‌ತ್ರೋಟ್ ಟ್ರೌಟ್ ಸಿಕ್ಕರೆ ಬಿಟ್ಟುಬಿಡಬೇಕು, ಯೆಲ್ಲೊಸ್ಟೋನ್ ಸರೋವರದಲ್ಲಿ ಲೇಕ್ ಟ್ರೌಟ್ ಸಿಕ್ಕರೆ ಬಿಡುವ ಹಾಗಿಲ್ಲ, ಕೊಲ್ಲಲೇಬೇಕು. ಲೇಕ್ ಟ್ರೌಟ್ ಅಲ್ಲಿಯದಲ್ಲ, ಹೊರಗಿನಿಂದ ಬಂದು ಕಟ್‌ತ್ರೋಟ್ ಸಂತತಿಯನ್ನೇ ತಿಂದುಹಾಕಿತು. ಕಟ್‌ತ್ರೋಟ್ ನಂಬಿಕೊಂಡಿದ್ದ ಕರಡಿಗೂ ಹದ್ದಿಗೂ ಆಹಾರ ಇಲ್ಲದಂತಾಯಿತು.

ಕೊನೆಯದಾಗಿ, ಲೈಸೆನ್ಸ್ ಇದೆಯೆಂದ ಮಾತ್ರಕ್ಕೆ ಎಲ್ಲ ಮೀನೂ ಎಲ್ಲ ಕಾಲದಲ್ಲೂ ನಮ್ಮದಲ್ಲ. ಬರಗಾಲದಲ್ಲಿ ಹೊಳೆಗಳು ಬತ್ತಿ, ಕಾದು, ಸಾಲ್ಮನ್ ಸಂಖ್ಯೆ ಕುಸಿದದ್ದರಿಂದ 2023ರಲ್ಲಿ ಮತ್ತು 2024ರಲ್ಲಿ ಕ್ಯಾಲಿಫೋರ್ನಿಯಾದ ಕಡಲಿನಲ್ಲಿ ಸಾಲ್ಮನ್ ಹಿಡಿಯುವುದನ್ನು ಪೂರ್ತಿ ನಿಲ್ಲಿಸಿದರು. 2025ರಲ್ಲಿ ಹವ್ಯಾಸಿಗಳಿಗೆ ಕೆಲವೇ ದಿನ ತೆರೆದರು. ದೋಣಿ ಇಟ್ಟುಕೊಂಡು ಬದುಕುವವರಿಗೆ ಎಂಥ ಹೊಡೆತ ಅದು! ಆದರೂ ಅವರಲ್ಲಿ ಅನೇಕರು ನಿಲ್ಲಿಸಿದ್ದು ಸರಿ ಎಂದರು. ಸ್ಯಾಕ್ರಮೆಂಟೊ ಹತ್ತಿರ ಅಮೆರಿಕನ್ ನದಿಯ ನಿಂಬಸ್ ಮರಿ ಕೇಂದ್ರಕ್ಕೆ ನವೆಂಬರಿನಲ್ಲಿ ಮಕ್ಕಳನ್ನು ಕರೆದುಕೊಂಡು ಹೋಗಿ. ಅಣೆಕಟ್ಟು ದಾರಿ ಮುಚ್ಚಿದ್ದರಿಂದ ಕಟ್ಟಿಕೊಟ್ಟ ಮೆಟ್ಟಿಲು ಮೆಟ್ಟಿಲಾದ ಏಣಿಯಲ್ಲಿ ನೀರಿನ ರಭಸಕ್ಕೆ ಎದುರಾಗಿ ಸಾಲ್ಮನ್‌ಗಳು ಹಾರಿ ಹಾರಿ ಏರುತ್ತವೆ. ನೋಡುತ್ತ ನಿಂತರೆ ನಮ್ಮ ಗದ್ದೆಬದುವಿನ ಹತ್ತುಮೀನು ಕಣ್ಣಿಗೆ ಕಟ್ಟುತ್ತದೆ.

ನನಗೆ ಕೊಟ್ಟ ಚೀಟಿ ಏನಾಯಿತು ಎಂದು ಕೇಳಬಹುದು. ಕೋರ್ಟಿಗೆ ಹೋಗಿ ದಂಡ ಕಟ್ಟಿದೆ. ಅಲ್ಲಿಗೆ ಮುಗಿಯಲಿಲ್ಲ. ಗ್ರೀನ್ ಕಾರ್ಡಿನ ಅರ್ಜಿಯಲ್ಲಿ, ಕಾನೂನು ಮೀರಿದ್ದಕ್ಕೆ ಯಾವತ್ತಾದರೂ ಚೀಟಿ ಪಡೆದಿದ್ದೀರಾ ಎಂಬ ಪ್ರಶ್ನೆ ಇದೆ. ಹೌದು ಎಂದು ಬರೆದು, ಎರಡು ಏಡಿಯ ಕಥೆಯನ್ನು ವಿವರಿಸಿ, ಕೋರ್ಟಿನ ಕಾಗದ ಲಗತ್ತಿಸಬೇಕಾಯಿತು. ತೊಂದರೆ ಆಗಲಿಲ್ಲ. ಆದರೆ ಆ ಒಂದು ವರ್ಷ ಅಂಚೆಯ ಡಬ್ಬಿ ತೆಗೆದಾಗಲೆಲ್ಲ ಎದೆ ಹೊಡೆದುಕೊಳ್ಳುತ್ತಿತ್ತು. ನಿಮ್ಮಲ್ಲಿ ಯಾರಿಗಾದರೂ ಇಂಥ ಚೀಟಿ ಬಂದರೆ ಮುಚ್ಚಿಡಬೇಡಿ, ವಕೀಲರಿಗೆ ತೋರಿಸಿ. ಇಲ್ಲಿ ಲೈಸೆನ್ಸ್ ಇಲ್ಲದೆ ಹಿಡಿದ ಮೊದಲ ತಪ್ಪಿಗೇ ದಂಡ 100 ಡಾಲರಿನಿಂದ 1,000 ಡಾಲರಿನವರೆಗೆ ಹೋಗಬಹುದು. ಒಂದು ರಾಜ್ಯದಲ್ಲಿ ಮೀನು ಹಿಡಿಯುವ ಅವಕಾಶ ಕಳೆದುಕೊಂಡರೆ ಇನ್ನೊಂದು ರಾಜ್ಯಕ್ಕೆ ಹೋಗಿ ತೆಗೆದುಕೊಳ್ಳುತ್ತೇನೆ ಅಂದುಕೊಳ್ಳಬೇಡಿ. ಬಹುತೇಕ ಎಲ್ಲ ರಾಜ್ಯಗಳೂ ಇದಕ್ಕಾಗಿ ಒಂದು ಕರಾರಿಗೆ ಸೇರಿವೆ, ಒಂದು ಕಡೆ ರದ್ದಾದದ್ದು ಉಳಿದ ಕಡೆಗೂ ತಟ್ಟುತ್ತದೆ.

ಪ್ರಶ್ನೆಗಳು

ಮಗನಿಗೆ ಒಂಬತ್ತು ವರ್ಷ, ಅವನಿಗೆ ಲೈಸೆನ್ಸ್ ಬೇಡ. ನಾನು ಜೊತೆಯಲ್ಲಿ ನಿಂತರೆ ಸಾಕಲ್ಲವೇ ಎಂದು ಒಬ್ಬ ತಾಯಿ ಕೇಳಿದರು. ನಿಂತರೆ, ಹುರಿದುಂಬಿಸಿದರೆ ಏನೂ ಇಲ್ಲ. ಆದರೆ ಗಾಳ ಬೀಸುವುದು ನೀವು, ಮೀನು ಎಳೆಯುವುದು ನೀವು ಎಂದಾದರೆ ಹಿಡಿಯುತ್ತಿರುವವರು ನೀವೇ. ದೂರದಿಂದ ದುರ್ಬೀನಿನಲ್ಲಿ ನೋಡುತ್ತಿರುವ ವಾರ್ಡನ್‌ಗೆ ಕಾಣುವುದು ರಾಡು ಯಾರ ಕೈಯಲ್ಲಿದೆ ಎಂಬುದಷ್ಟೇ.

ಊರಿನಿಂದ ಬೀಸುಬಲೆ ತಂದಿದ್ದೇನೆ, ಕೆರೆಯಲ್ಲಿ ಹಾಕಬಹುದೇ ಎಂದು ಹೊನ್ನಾವರದ ಹಿರಿಯರು ಕೇಳಿದರು. ಬೇಡ ರಾಯರೇ. ಕಾನೂನು 'ಗೇಮ್ ಫಿಶ್' ಎಂದು ಹೆಸರಿಸಿದ, ಹವ್ಯಾಸಕ್ಕೆ ಹಿಡಿಯುವ ಮೀನುಗಳನ್ನು ಬಲೆಯಿಂದ ಹಿಡಿಯಲು ಬಹುತೇಕ ರಾಜ್ಯಗಳು ಬಿಡುವುದಿಲ್ಲ. ಟೆಕ್ಸಸ್‌ನಲ್ಲಂತೂ ಅಂಥ ಮೀನಿಗೆ ಕೋಲು, ದಾರ ಎರಡೇ. ಆದರೆ ಕ್ಯಾಲಿಫೋರ್ನಿಯಾದ ದಕ್ಷಿಣದ ಮರಳದಂಡೆಗೆ ಹುಣ್ಣಿಮೆ, ಅಮಾವಾಸ್ಯೆಯ ನಂತರದ ರಾತ್ರಿಗಳಲ್ಲಿ ಮೊಟ್ಟೆ ಇಡಲು ತೆರೆಯ ಜೊತೆ ಬಂದು ಬೀಳುವ ಗ್ರುನಿಯನ್ ಎಂಬ ಬೆಳ್ಳಿಮೀನು ಇದೆ. ಅದನ್ನು ಬಲೆ, ಗಾಳ ಯಾವುದೂ ಇಲ್ಲದೆ ಬರಿಗೈಯಲ್ಲೇ ಹಿಡಿಯಬೇಕು. 16 ದಾಟಿದವರಿಗೆ ಲೈಸೆನ್ಸ್ ಬೇಕು. ಏಪ್ರಿಲ್‌ನಿಂದ ಜೂನ್‌ವರೆಗೆ ನೋಡಬಹುದು, ಮುಟ್ಟುವಂತಿಲ್ಲ. ಮೊಮ್ಮಕ್ಕಳಿಗೆ ತೋರಿಸಲು ಅದಕ್ಕಿಂತ ಚೆಂದದ ನೋಟ ಇನ್ನೊಂದಿಲ್ಲ.

ಅಪ್ಪ ಅಮ್ಮ ಮುಂದಿನ ತಿಂಗಳು ಬರುತ್ತಾರೆ, ಅವರಿಗೆ ಏನು ಮಾಡುವುದು? ಒಂದು ದಿನದ ಲೈಸೆನ್ಸ್ ಇದೆ. ಕ್ಯಾಲಿಫೋರ್ನಿಯಾದಲ್ಲಿ ಅದರ ಬೆಲೆ ನಿವಾಸಿಗೂ ಹೊರಗಿನವರಿಗೂ ಒಂದೇ. ಯಾವ ದಿನ ಎಂದು ಮೊದಲೇ ಹೇಳಿ ಕೊಳ್ಳಬೇಕು. ಬೇಸಿಗೆಯಲ್ಲಿ ಎರಡು ಶನಿವಾರ ಲೈಸೆನ್ಸ್ ಇಲ್ಲದೆ ಹಿಡಿಯಬಹುದಾದ ಉಚಿತ ದಿನಗಳೂ ಇವೆ, ಸಾಮಾನ್ಯವಾಗಿ ಜುಲೈ 4ರ ಆಸುಪಾಸು ಒಂದು, ಸೆಪ್ಟೆಂಬರಿನ ಮೊದಲ ಸೋಮವಾರ ಬರುವ ಲೇಬರ್ ಡೇ ಆಸುಪಾಸು ಇನ್ನೊಂದು. ಟೆಕ್ಸಸ್‌ನಲ್ಲಿ ಜೂನ್ ತಿಂಗಳ ಮೊದಲ ಶನಿವಾರ. ಆ ದಿನವೂ ಅಳತೆ, ಸಂಖ್ಯೆ, ಜಾತಿಯ ನಿಯಮ ಇದ್ದೇ ಇರುತ್ತದೆ.

ಕೊನೆಗೆ ತೀರ್ಥಹಳ್ಳಿಯಿಂದ ಮಗನ ಮನೆಗೆ ಬಂದಿದ್ದ ಒಬ್ಬ ಅಮ್ಮ ಎದ್ದು ನಿಂತರು. "ನಮ್ಮಲ್ಲಿ ಚಿಪ್ಪಲಗುಡ್ಡೆಯಲ್ಲಿ, ಶೃಂಗೇರಿಯಲ್ಲಿ ತುಂಗೆಯ ಮೀನನ್ನು ಯಾರೂ ಹಿಡಿಯಲ್ಲ. ದೇವರ ಮೀನು. ಇಲ್ಲಿ ಅಂಥ ಜಾಗ ಏನಾದರೂ ಉಂಟಾ?" ಎಂದು ಕೇಳಿದರು.

ಉಂಟು ಅಮ್ಮ, ಎಂದೆ. 1999ರ ಕಾನೂನಿನ ಮೇಲೆ ಈ ರಾಜ್ಯದ ಕರಾವಳಿಯುದ್ದಕ್ಕೂ 124 ರಕ್ಷಿತ ಕಡಲ ಪ್ರದೇಶಗಳ ಸರಪಳಿ ಮಾಡಿದ್ದಾರೆ. 2012ಕ್ಕೆ ಅದು ಪೂರ್ತಿಯಾಯಿತು, ರಾಜ್ಯದ ಕಡಲಿನಲ್ಲಿ ಶೇಕಡಾ 16ರಷ್ಟು ಅದರೊಳಗೆ ಬರುತ್ತದೆ. ಅವುಗಳಲ್ಲಿ ಕೆಲವು ಕಡೆ ಒಂದು ಚಿಪ್ಪನ್ನೂ ಎತ್ತುವಂತಿಲ್ಲ, ಯಾವ ಲೈಸೆನ್ಸೂ ನಡೆಯುವುದಿಲ್ಲ. ಇಲ್ಲಿಂದ ಎರಡು ತಾಸಿನ ದಾರಿಯಲ್ಲಿ, ಮಾಂಟೆರೆಯ ದಕ್ಷಿಣಕ್ಕೆ ಪಾಯಿಂಟ್ ಲೋಬೋಸ್ ಇದೆ. ಬಂಡೆಯ ಮೇಲೆ ನಿಂತರೆ ಕೆಳಗೆ ಹಸಿರು ನೀರಿನಲ್ಲಿ ಕೆಲ್ಪ್ ಪಾಚಿ ಮರದ ಹಾಗೆ ತೂಗುತ್ತಿರುತ್ತದೆ.

"ಹಾಗಾದ್ರೆ ಶನಿವಾರ ಅಲ್ಲಿಗೇ ಕರ್ಕೊಂಡು ಹೋಗೋ" ಎಂದು ಮಗನಿಗೆ ಹೇಳಿ, ನನ್ನ ಕಡೆ ತಿರುಗಿ, "ಮೀನಿಗೆ ಹಾಕಲಿಕ್ಕೆ ಮಂಡಕ್ಕಿ ತಗೊಂಡು ಹೋಗಬಹುದಾ?" ಎಂದರು.

ಇಲ್ಲಮ್ಮ, ರಕ್ಷಿತ ಕಡಲಿನಲ್ಲಿ ಮೀನಿಗೆ ತಿನ್ನಲು ಹಾಕುವಂತೆಯೂ ಇಲ್ಲ ಎಂದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, "ಆಗಲಿ, ನೋಡಿಯಾದರೂ ಬರ್ತೀನಿ" ಎಂದು ಕೂತರು.